ಎದುರುಮನೆ ದೊಡ್ಡಮ್ಮನ ಸೀನು

ಮೊನ್ನೆ ಹೊಸಪೇಟೆಯಲ್ಲಿ ಮೊಮ್ಮಗಳ ಶಾಲೆಯ ವಾರ್ಷಿಕೋತ್ಸವ. ಬಣ್ಣ ಹಚ್ಚುವವನು ಕೊಬ್ಬರಿ ಎಣ್ಣೆಯಲ್ಲಿ ಬಿಳಿ ಪುಡಿ ಕಲಸಿ ಮಕ್ಕಳ ಕೆನ್ನೆಗೆ ತಿಕ್ಕುತ್ತಿದ್ದ. ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಮರಿಯಮ್ಮನಹಳ್ಳಿಯ ನಮ್ಮ ಓಣಿ ಕಣ್ಣಮುಂದೆ ಬಂತು. ಎದುರುಮನೆ ದೊಡ್ಡಮ್ಮನ ಟ್ರಂಕು ತೆರೆದರೆ ಇದೇ ವಾಸನೆ ಬರುತ್ತಿತ್ತು...

ದೊಡ್ಡಮ್ಮ ನಮಗೆ ಸಂಬಂಧಿಕಳೇನಲ್ಲ. ನಮ್ಮೂರಿನ ಎಷ್ಟೋ ಹೆಣ್ಣುಮಕ್ಕಳಂತೆ ಚಿಕ್ಕಂದಿನಲ್ಲೇ ನಾಟಕ ಕಂಪನಿ ಸೇರಿದವಳು. ಅಲ್ಲಿಂದ ಮದ್ರಾಸಿಗೆ ಹೋಗಿ ಕಪ್ಪು-ಬಿಳುಪಿನ ಕಾಲದ ಸಿನಿಮಾಗಳಲ್ಲಿ ನಟಿಸಿದ್ದಳು. ಒಮ್ಮೆಯೂ ನಾಯಕಿಯಾಗಿ ಅಲ್ಲ. ಅಡುಗೆಯವಳು, ನರ್ಸು, ಬಾಯಿಬಡುಕಿ ನೆರೆಯವಳು, ನಾಯಕಿಯ ಅತ್ತಿಗೆ. ಮೂವತ್ತು ತುಂಬುವ ಮೊದಲೇ ಕೂದಲಿಗೆ ಬಿಳಿ ಬಳಿಸಿಕೊಂಡು ನಾಯಕನ ತಾಯಿಯೂ ಆದಳು.

"ಆ ಹೀರೋ ನನಗಿಂತ ಭಾಳ ದೊಡ್ಡಾವ. ಕಾಲಿಗೆ ಬಿದ್ದು ಅಮ್ಮಾ ಅಂದಾಗ ನಗು ತಡಕೊಳ್ಳಾಕ ಆಗ್ಲಿಲ್ಲ ನೋಡು" ಎನ್ನುತ್ತಿದ್ದಳು.

ಬಣ್ಣದ ಸಿನಿಮಾಗಳ ಜೊತೆ ಹೊಸ ಮುಖಗಳು ಬಂದವು. ಇವಳಿಗೆ ಕರೆ ಬರುವುದು ನಿಂತಿತು. ಊರಿಗೆ ಮರಳಿ, ಹೊಲಿಗೆ ಮಷೀನು ಇಟ್ಟುಕೊಂಡು ನಮಗೆಲ್ಲ ಲಂಗ, ಜಂಪರು ಹೊಲಿದುಕೊಡುತ್ತಿದ್ದಳು.

ಹಾಡಿಲ್ಲ, ಕುಣಿದಿಲ್ಲ, ಇವಳೆಂಥ ಸಿನಿಮಾ ನಟಿ ಎಂದು ಓಣಿಯಲ್ಲಿ ಆಡಿಕೊಳ್ಳುವವರೇ ಹೆಚ್ಚು. ಅಂಥದ್ದರಲ್ಲಿ ಒಂದು ಬೇಸಿಗೆ ಊರ ಹೊರಗಿನ ಟೆಂಟಿಗೆ ಅವಳ ಸಿನಿಮಾ ಬಂತು. ಅದರಲ್ಲಿ ಅವಳದು ಸೂಲಗಿತ್ತಿಯ ಪಾತ್ರ.

"ಇರೋದು ಒಂದ ಸೀನು. ಆದ್ರ ಅದನ್ನ ತೆಗೆಯುವಾಗ ಲೈಟ್ ಹಿಡಿಯೋ ಹುಡುಗ್ರೂ ಅತ್ತಿದ್ರು. ಬರ್ರಿ ನೋಡಾಕ" ಎಂದು ಮನೆಮನೆಗೆ ಹೋಗಿ ಕರೆದಳು. ಮೊದಲ ಆಟಕ್ಕೆ ಓಣಿಯ ಹೆಂಗಸರೆಲ್ಲ ಹೋಗಿ ಮರಳಿನ ಮೇಲೆ ಚಾಪೆ ಹಾಸಿ ಕೂತೆವು.

ಪರದೆಯ ಮೇಲೆ ಸೂಲಗಿತ್ತಿ ಮುಖ ಕಾಣದಂತೆ ಸೆರಗು ಹೊದ್ದು ನಾಯಕಿಯ ಹೆರಿಗೆಯ ಕೋಣೆಯೊಳಗೆ ಹೋದಳು. ಅಷ್ಟರಲ್ಲಿ ಸವೆದ ರೀಲು ಚಟಕ್ಕನೆ ಹಾರಿತು. ಮರುಕ್ಷಣ ನಾಯಕಿಯ ಫೋಟೋಕ್ಕೆ ಹಾರ ಬಿದ್ದಿತ್ತು. ನಡುವಿನ ಭಾಗ ಹರಿದುಹೋಗಿದ್ದರಿಂದ ಯಾರೋ ಎಂದೋ ಅದನ್ನು ಕತ್ತರಿಸಿ ತೆಗೆದು ರೀಲು ಅಂಟಿಸಿದ್ದರು.

ಇಂಟರ್‌ವಲ್ಲಿಗೆ ದೀಪ ಹತ್ತಿದ ಕೂಡಲೇ ಹಿಂದೆ ಕೂತಿದ್ದ ಒಬ್ಬಳು, "ಎಲ್ಲೈತಿ ಯಕ್ಕಾ ನಿನ್ನ ಸೀನು? ಬೆನ್ನು ತೋರ್ಸಾಕ ಮದ್ರಾಸಿಗೆ ಹೋಗಿದ್ದೇನು?" ಎಂದಳು. ಎಲ್ಲರೂ ನಕ್ಕರು. ನಮ್ಮವ್ವನೂ...

ದೊಡ್ಡಮ್ಮ ಎದ್ದಳು. ಮನೆಗೆ ಹೊರಟಳೆಂದುಕೊಂಡೆ. ಅವಳು ನೇರ ಪರದೆಯ ಮುಂದೆ ಹೋಗಿ ನಮಗೆ ಬೆನ್ನು ಹಾಕಿ ನಿಂತಳು. ತಿರುಗಿದಾಗ ಅವಳು ಬೇರೆಯೇ ಹೆಂಗಸು. ಭುಜಗಳು ಇಳಿದಿದ್ದವು. ಬಾಗಿಲನ್ನು ಸದ್ದಾಗದಂತೆ ಹಿಂದೆ ಎಳೆದುಕೊಂಡಳು. ಅಲ್ಲಿ ಬಾಗಿಲಿರಲಿಲ್ಲ, ಆದರೂ ನಮಗದು ಕಂಡಿತು. ಕೈಗಳನ್ನು ಸೆರಗಿಗೆ ಒರೆಸಿದಳು, ಒರೆಸುತ್ತಲೇ ಇದ್ದಳು. ಎದುರು ನಿಂತ ಯಾರೋ ಏನೋ ಕೇಳಿದಂತೆ ತಲೆಯೆತ್ತಿದಳು. ತುಟಿ ಅಲುಗಿತು. ಕೊನೆಗೆ ಸಿನಿಮಾದ ತಿದ್ದಿದ ಕನ್ನಡದಲ್ಲಿ, "ಗಂಡು ಮಗು, ಸ್ವಾಮಿ. ಅಳುತ್ತಾ ಇದೆ... ಇನ್ನು ನೀವೇ ಎತ್ತಿಕೊಳ್ಳಬೇಕು" ಎಂದಳು.

ಶೇಂಗಾ ಮಾರುವವನು ನಿಂತಲ್ಲೇ ನಿಂತ. ಗಂಡಸರ ಕಡೆಯಿಂದ ಒಂದು ಸಿಳ್ಳೂ ಬರಲಿಲ್ಲ. ಅಣಕವಾಡಿದವಳು ಸೆರಗಿನಲ್ಲಿ ಮುಖ ಮುಚ್ಚಿ ಬಿಕ್ಕುತ್ತಿದ್ದಳು. ಮಷೀನಿನವನು ಮುಂದಿನ ರೀಲು ಹಾಕುವುದನ್ನೇ ಮರೆತಿದ್ದ.

ದೊಡ್ಡಮ್ಮ ಬಂದು, "ಸ್ವಲ್ಪ ಸರೀರಿ" ಎಂದು ನನ್ನ ಪಕ್ಕದಲ್ಲೇ ಕೂತಳು. ಅವಳ ಕೈ ಮುಟ್ಟಲು ನನಗೆ ಹೆದರಿಕೆಯಾಯಿತು. ನನ್ನ ಲಂಗದ ಅಳತೆ ತೆಗೆದ ಕೈ ಇದೇ ಎಂದು ನಂಬಲಾಗಲಿಲ್ಲ.

ನಾನು ಮದುವೆಯಾಗಿ ಹೊಸಪೇಟೆಗೆ ಬಂದ ಮೇಲೆ ಅವಳು ತೀರಿಕೊಂಡಳು. ಸುದ್ದಿ ನನಗೆ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು...

ಆ ಸಿನಿಮಾ ಈಗ ಫೋನಿನಲ್ಲೇ ಸಿಗುತ್ತದೆ. ಶಾಲೆಯಿಂದ ಬಂದ ಸಂಜೆ ಹುಡುಕಿ ನೋಡಿದೆ. ಅದರಲ್ಲೂ ಆ ಸೀನಿಲ್ಲ. ಸೂಲಗಿತ್ತಿ ಒಳಗೆ ಹೋಗುತ್ತಾಳೆ, ಹೊರಗೆ ಬರುವುದೇ ಇಲ್ಲ. ಅವಳು ಹೊರಬಂದದ್ದನ್ನು ಅಂದು ಟೆಂಟಿನಲ್ಲಿ ಕಣ್ಣಾರೆ ಕಂಡ ಓಣಿಯ ಹೆಂಗಸರಲ್ಲಿ ಈಗ ಉಳಿದಿರುವವಳು ನಾನೊಬ್ಬಳೇ.