ಓಲ್ಡ್ ಫೋಲ್ಡರಿನ ಮೂವತ್ತೊಂದು ಹೆಸರು

ನಮ್ಮ ಕಡೆಯ ಲಗ್ನಪತ್ರಗಳಲ್ಲಿ ಹೆಣ್ಣುಗಂಡಿನ ಹೆಸರಿಗಿಂತ ಊರ ಯಜಮಾನರ ಹೆಸರುಗಳೇ ಹೆಚ್ಚು ಜಾಗ ಹಿಡಿಯುತ್ತಿದ್ದ ಕಾಲ ಅದು. ಕೊಳ್ಳೇಗಾಲದಲ್ಲಿ ಅಪ್ಪನದೊಂದು ಸಣ್ಣ ಪ್ರೆಸ್ಸಿತ್ತು. ಮುಂದೆ ಅಂಗಡಿ, ಹಿಂದೆ ಮನೆ, ನಡುವಿನ ಕೋಣೆಯಲ್ಲಿ ಕಂಪ್ಯೂಟರು. ಪಕ್ಕದ ಸಂದಿಯಲ್ಲಿ ರೇಷ್ಮೆಗೂಡು ಬೇಯಿಸಿ ನೂಲು ತೆಗೆಯುತ್ತಿದ್ದರು. ಆ ಬೆಂದ ಹುಳುವಿನ ವಾಸನೆ ನಮ್ಮ ಅನ್ನದ ತಟ್ಟೆಯವರೆಗೂ ಬರುತ್ತಿತ್ತು. ಇಷ್ಟು ನಿಜ, ಅಮ್ಮನೂ ಒಪ್ಪುತ್ತಾಳೆ. ಮುಂದಿನದರಲ್ಲಿ ಎಷ್ಟು ನಿಜ ಎಂದು ನಾನು ಆಣೆಯಿಟ್ಟು ಹೇಳಲಾರೆ. ನಾನು ಇತಿಹಾಸ ಓದಿದವನು. ಇರುವುದು ಒಬ್ಬನೇ ಸಾಕ್ಷಿಯಾಗಿ, ಅವನೂ ತನ್ನ ಪರವಾಗಿಯೇ ಮಾತಾಡುತ್ತಿದ್ದರೆ ನಂಬಬೇಡ ಎಂದು ವಿಶ್ವವಿದ್ಯಾಲಯದಲ್ಲಿ ಎರಡು ವರ್ಷ ಹೇಳಿಸಿಕೊಂಡವನು.

ಆ ಬೇಸಿಗೆ ರಜೆಯಲ್ಲಿ ನನಗೆ ಹನ್ನೊಂದು, ಅಣ್ಣ ಮಹೇಶನಿಗೆ ಹದಿನಾಲ್ಕು. ಬೀದಿಯ ಹುಡುಗರೆಲ್ಲ ಗೋಲಿ, ಚಿನ್ನಿದಾಂಡು ಎಂದು ಬಿಸಿಲಿಗೆ ಬಿದ್ದಿದ್ದರೆ ನಾವಿಬ್ಬರು ಜೇಬಿನ ತುಂಬ ಹುರಿಗಡಲೆ ತುಂಬಿಕೊಂಡು, ಅಪ್ಪ ಉಂಡು ಮಲಗುವುದನ್ನೇ ಕಾಯುತ್ತಿದ್ದೆವು. ಯಳಂದೂರಿನ ಅತ್ತೆಯ ಮಗ ರವಿ ತಂದಿದ್ದ ಸೀಡಿಯಿಂದ ಕಾರು ಓಡಿಸುವ ಒಂದು ಗೇಮು, ಕೋಟೆ ಕಟ್ಟುವ ಇನ್ನೊಂದು ಗೇಮು ಹಾಕಿಕೊಂಡಿದ್ದೆವು. ಆಮೇಲೆ ಆ ಸೀಡಿ ಗೀರುಬಿದ್ದು ಹಾಳಾಗಿತ್ತು. ಅಂದರೆ ಒಮ್ಮೆ ಅಳಿಸಿದರೆ ಮತ್ತೆ ಸಿಗುವ ಹಾಗಿರಲಿಲ್ಲ. ಕೋಟೆಯ ಆಟದಲ್ಲಿ ಅಣ್ಣ ಕೊನೆಯದಕ್ಕಿಂತ ಒಂದು ಹಂತ ಹಿಂದಿದ್ದ.

ಪ್ರೆಸ್ಸಿನ ಕಂಪ್ಯೂಟರಿನಲ್ಲಿ ಆಟ ಕೂಡದು ಎಂಬುದು ಅಪ್ಪನ ಕಟ್ಟಪ್ಪಣೆ. ಅದಕ್ಕೆ ಅಣ್ಣ ಸಿ ಡ್ರೈವಿನ ‘ಓಲ್ಡ್’ ಎಂಬ ಫೋಲ್ಡರಿನೊಳಗೆ ಗೇಮುಗಳನ್ನಿಟ್ಟು ‘ಫಾಂಟ್ಸ್ ಟೂ’ ಎಂದು ಹೆಸರು ಕೊಟ್ಟಿದ್ದ. ಫಾಂಟು ಮುಟ್ಟಿ ಒಮ್ಮೆ ಕನ್ನಡವೆಲ್ಲ ಕಲಸುಮೇಲೋಗರವಾದದ್ದನ್ನು ಅನುಭವಿಸಿದ್ದ ಅಪ್ಪ, ಆ ಹೆಸರು ಕಂಡರೆ ಮೌಸನ್ನೇ ದೂರ ಸರಿಸುತ್ತಿದ್ದ.

ಅದೇ ಓಲ್ಡ್ ಫೋಲ್ಡರಿನಲ್ಲಿ ಅಪ್ಪನೂ ಒಂದನ್ನು ಜೋಪಾನ ಮಾಡಿದ್ದ. ನಮಗೆ ಗೊತ್ತಿರಲಿಲ್ಲ. ಸತ್ತೇಗಾಲದ ಆಚೆ ಒಂದು ಹಳ್ಳಿ, ಹೆಸರು ಬೇಡ. ಅಲ್ಲಿ ಹಿಂದಿನ ವರ್ಷ ಒಂದು ಲಗ್ನಪತ್ರದಲ್ಲಿ ಒಬ್ಬ ಯಜಮಾನರ ಹೆಸರು ಇನ್ನೊಬ್ಬರ ಕೆಳಗೆ ಬಂತೆಂದು ಅರ್ಧ ಊರು ಮದುವೆಯ ಊಟಕ್ಕೆ ಕೂರದೆ ಎದ್ದು ಹೋಗಿತ್ತು. ಅದಾದ ಮೇಲೆ ಮಾರಿಗುಡಿಯ ಜಗಲಿಯಲ್ಲಿ ಎಲ್ಲರೂ ಸೇರಿ, ಅಪ್ಪನನ್ನೂ ಕರೆಸಿಕೊಂಡು, ಎರಡು ಸಂಜೆ ವಾದ ಮಾಡಿ ಮೂವತ್ತೊಂದು ಹೆಸರುಗಳ ಒಂದು ಸಾಲು ಗೊತ್ತುಮಾಡಿದ್ದರು. ಇನ್ನು ಯಾರ ಮನೆಯ ಮದುವೆಯಾದರೂ ಅದೇ ಸಾಲು. ಅಪ್ಪ ಅದನ್ನು ಟೈಪು ಮಾಡಿ ತಂದು ಓದಿ ಹೇಳಿದ ಮೇಲೆ, ಹೊಡೆದು ತಿದ್ದಿದ ಕಾಗದವನ್ನೂ ಅಪ್ಪನ ಪ್ರಿಂಟನ್ನೂ ಗುಡಿಯ ಮುಂದೆ ಸುಟ್ಟರಂತೆ. ಯಾರು ಮೊದಲು ಎಲ್ಲಿದ್ದರು, ಯಾರ ಸಲುವಾಗಿ ಕೆಳಗಿಳಿದರು ಎಂಬುದು ಯಾರ ಕೈಗೂ ಸಿಗಬಾರದು. “ಇನ್ನು ಕಂಪ್ಯೂಟ್ರಲ್ಲೇ ಇರ್ಲಿ ಬುಡಿ. ಅದ್ಕ ನೆಂಟ್ರೂ ಇಲ್ಲ, ಇಷ್ಟ್ರೂ ಇಲ್ಲ” ಅಂದಿದ್ದರಂತೆ ದೊಡ್ಡ ಯಜಮಾನರು ಗುರುಸಿದ್ದಪ್ಪ. ಆ ಸಾಲು ಇದ್ದದ್ದು ಜಗತ್ತಿನಲ್ಲಿ ಆ ಒಂದು ಫೈಲಿನಲ್ಲಿ ಮಾತ್ರ. ಅದನ್ನು ಹಾಕಿ ಅಚ್ಚಾಗಬೇಕಿದ್ದ ಮೊದಲ ಲಗ್ನಪತ್ರ ಆ ವಾರವೇ ಹೋಗಬೇಕಿತ್ತು.

ಸಿ ಡ್ರೈವ್ ತುಂಬಿಹೋಗಿ ಕೆಲಸ ನಿಲ್ಲತೊಡಗಿದಾಗ ಅಪ್ಪ ಇನ್ನೊಂದು ಹಾರ್ಡ್‌ಡಿಸ್ಕ್ ಹಾಕಿಸಿದ. ಹಾಕಿದವನು ಹನೂರಿನ ರಿಪೇರಿ ನಾಗರಾಜಣ್ಣ. “ಹೊಸಾದು ಡಿ ಡ್ರೈವು ಸಾ. ನಾಳ ಬಂದು ಸಿ ಡ್ರೈವಲ್ಲಿ ಏನ್ ತುಂಬ್ಕಂಡದ ಅಂತ ಒಂದೊಂದೇ ನೋಡಿ ಬುಡ್ತೀನಿ” ಎಂದು ಹೋದ. ಅಣ್ಣ ನನ್ನ ಮುಖ ನೋಡಿದ. ನಾಗರಾಜಣ್ಣ ಫಾಂಟಿಗೆ ಹೆದರುವ ಆಸಾಮಿಯಲ್ಲ.

ಮಾರನೆಯ ದಿನ ಬೆಳಿಗ್ಗೆ ಬರಬೇಕಾದವನು ಸಂಜೆ ಬರುತ್ತೇನೆಂದು ಹೇಳಿಕಳಿಸಿದ. ಅಪ್ಪ ಯಾವುದೋ ಆರ್ಡರಿಗೆಂದು ಹನೂರಿಗೆ ಹೊರಟ. ಅದು ಮೂರು ಗಂಟೆಗೆ ಕರೆಂಟು ತೆಗೆಯುತ್ತಿದ್ದ ವಾರ. ಎರಡಾಗಿತ್ತು. ಅಮ್ಮ ಹಿತ್ತಲಲ್ಲಿ ಹಪ್ಪಳ ಒಣಗಿಸುತ್ತಿದ್ದಳು.

“ಲೇ ಚಂದ್ರು, ಬಾಗ್ಲತ್ರ ನಿಂತ್ಕಂಡು ನೋಡ್ಲಾ.”

“ಅಪ್ಪ ಐದ್ಗಂಟ ಮುಂಚ ಬರಾಕಿಲ್ಲ ಕಣಣ್ಣ. ನಾನೂ ನೋಡ್ತೀನಿ.”

“ನೋಡು, ಉಸಿರುಬುಡ್ಬೇಡ.”

ಗೇಮಿನ ಫೋಲ್ಡರೊಂದನ್ನೇ ಡಿ ಡ್ರೈವಿಗೆ ಒಯ್ದು ಬಚ್ಚಿಟ್ಟಿದ್ದರೆ ಸಾಕಿತ್ತು. ಆದರೆ ಬರೀ ‘ಫಾಂಟ್ಸ್ ಟೂ’ ಡಿ ಡ್ರೈವಿನಲ್ಲಿ ಒಂಟಿಯಾಗಿ ಕೂತಿದ್ದರೆ ನಾಗರಾಜಣ್ಣನಿಗೆ ಅನುಮಾನ ಬರುತ್ತದೆ, ಇಡೀ ಓಲ್ಡನ್ನೇ ಒಯ್ದರೆ ಹಳೇ ಕೆಲಸಗಳೆಂದು ಸುಮ್ಮನಾಗುತ್ತಾನೆ. ಹಾಗೆಂದದ್ದು ಅಣ್ಣ ಎಂದು ನನ್ನ ನೆನಪು. “ನೀನೇ ಕಣ್ಲಾ ಏಳ್ದೋನು” ಎಂದು ಅಣ್ಣನ ನೆನಪು. ಯಾರ ಬುದ್ಧಿಯೋ, ಕಟ್ ಮಾಡಿ, ಡಿ ಡ್ರೈವಿನೊಳಗೆ ಹೋಗಿ ಪೇಸ್ಟ್ ಒತ್ತಿದೆವು. ಕಾಪಿ ಮಾಡಿ, ಸರಿಯಾಗಿ ಬಂದಿದೆಯೇ ನೋಡಿ, ಆಮೇಲೆ ಹಳೆಯದನ್ನು ಅಳಿಸಬೇಕು ಎಂದು ನಮಗೆ ಹೇಳಿಕೊಟ್ಟವರಿರಲಿಲ್ಲ. ಹಾಗೆ ಒಯ್ದರೆ ಗೇಮು ನಡೆಯುವುದೇ ಅನುಮಾನ ಎಂಬುದೂ ಗೊತ್ತಿರಲಿಲ್ಲ.

ಪರದೆಯ ಮೇಲೆ ಒಂದು ಕಾಗದ ಈ ಡಬ್ಬದಿಂದ ಆ ಡಬ್ಬಕ್ಕೆ ಹಾರತೊಡಗಿತು. ಉಳಿದಿರುವುದು ಹದಿನಾಲ್ಕು ನಿಮಿಷ ಎಂದಿತು. ಸ್ವಲ್ಪ ಹೊತ್ತಿಗೆ ನಲವತ್ತು ಎಂದಿತು. ಅಣ್ಣ ಉಗುರು ಕಚ್ಚುತ್ತ ಗಡಿಯಾರ ನೋಡಿದ. ಮತ್ತೆ ಒಂಬತ್ತಕ್ಕೆ ಇಳಿಯಿತು, ಆರಕ್ಕೆ ಬಂತು. ಆರು ಅಂದದ್ದೇ ತಡ, ತಲೆಯ ಮೇಲೆ ಫ್ಯಾನು ನಿಧಾನವಾಯಿತು. ಮೂರಕ್ಕೆ ಇನ್ನೂ ಇಪ್ಪತ್ತು ನಿಮಿಷವಿತ್ತು.

ಟೇಬಲ್ಲಿನ ಕೆಳಗೆ ಯುಪಿಎಸ್ಸು ಕೂಗಿಕೊಂಡಿತು. ಅದರ ಬ್ಯಾಟರಿ ಸೊರಗಿ ಬಹಳ ದಿನವಾಗಿತ್ತು, ಹೆಚ್ಚೆಂದರೆ ಮೂರು ನಿಮಿಷ ತಡೆಯುತ್ತಿತ್ತು. ಅದು ಕೂಗಿದರೆ ಟೈಪು ಮಾಡುತ್ತಿದ್ದುದನ್ನು ಅರ್ಧಕ್ಕೇ ಬಿಟ್ಟು ಕಂಪ್ಯೂಟರು ಮುಚ್ಚಬೇಕು ಎಂದು ಅಪ್ಪ ಹೇಳಿ ಹೇಳಿ ನಮಗೆ ಬಾಯಿಪಾಠವಾಗಿತ್ತು. ಅಣ್ಣ ಬಾಣವನ್ನು ಕ್ಯಾನ್ಸಲ್ ಮೇಲೆ ತಂದು ನಿಲ್ಲಿಸಿದ.

“ಬ್ಯಾಡಣ್ಣ! ಇನ್ನೆರಡೇ ನಿಮಿಷ ತೋರಿಸ್ತಾ ಅದ!”

“ನಿಂತೋದ್ರ?”

“ನಿಲ್ಲಾಕಿಲ್ಲ ಕಣಣ್ಣ!”

ಇದನ್ನು ನಾನೇ ಹೇಳಿದ್ದು. ಈ ಒಂದು ವಿಷಯದಲ್ಲಿ ನಮ್ಮಿಬ್ಬರ ನೆನಪೂ ಒಂದೇ. ಯುಪಿಎಸ್ಸಿನ ಕೂಗು ಬಿಡುವಿಲ್ಲದಂತಾಯಿತು, ಆಮೇಲೆ ನಿಂತಿತು. ಕಪ್ಪಾದ ಪರದೆಯಲ್ಲಿ ನಮ್ಮಿಬ್ಬರ ಮುಖ ಕಂಡಿತು.

ನಾಲ್ಕಕ್ಕೆ ಕರೆಂಟು ಬಂದಾಗ ಕಂಪ್ಯೂಟರು ತಾನಾಗಿಯೇ ಡಿಸ್ಕುಗಳನ್ನು ತಪಾಸಣೆ ಮಾಡುತ್ತ, ನೀಲಿ ಪರದೆಯ ಮೇಲೆ ಬಿಳಿ ಅಕ್ಷರಗಳನ್ನು ಓಡಿಸಿತು. ಅದು ಮುಗಿದ ಮೇಲೆ ನೋಡಿದರೆ ಸಿ ಡ್ರೈವಿನ ಓಲ್ಡ್ ಬರಿದಾಗಿತ್ತು. ಡಿ ಡ್ರೈವಿನಲ್ಲಿ ಎಲ್ಲ ಇದ್ದ ಹಾಗೆ ಕಂಡಿತು. ಗೇಮು ಒತ್ತಿದರೆ ಏನೋ ಸಿಗುತ್ತಿಲ್ಲ ಎಂಬ ಸಂದೇಶ ಮಾತ್ರ. ಅಣ್ಣನ ಕಣ್ಣು ತುಂಬಿತು. ನಾನು ಉಳಿದ ಫೈಲುಗಳನ್ನು ನೋಡುತ್ತ ಹೋದೆ. ‘ದೊಡ್ಡಸಾಲು’ ಎಂಬ ಒಂದರ ಮುಂದೆ ಸೊನ್ನೆ ಕೆಬಿ ಎಂದಿತ್ತು. ತೆರೆದರೆ ತೆರೆಯಲಿಲ್ಲ.

“ಯಾವ್ದೋ ಹಳೇದು, ಬುಡ್ಲಾ” ಅಂದ ಅಣ್ಣ. ಅವನಿಗೆ ಅವನ ಕೋಟೆಯ ಚಿಂತೆ.

ಅಪ್ಪ ಬಂದವನು ಕೈಕಾಲು ತೊಳೆದು, ಕಾಫಿ ಕುಡಿದು, ಲಗ್ನಪತ್ರ ಮುಗಿಸಲು ಕೂತ. ಓಲ್ಡ್ ತೆರೆದ. ನಾವು ಬಾಗಿಲ ಹಿಂದೆ. ಮೌಸಿನ ಸದ್ದು ನಿಂತಿತು. “ಮಹೇಸಾ” ಎಂದು ಕರೆದ. ಹೊಡೆಯುತ್ತಾನೆಂದುಕೊಂಡೆವು. ಹೊಡೆಯಲಿಲ್ಲ. ಅಣ್ಣ ಎಲ್ಲ ಹೇಳಿದ. ಅಪ್ಪನೂ ಆ ಸಾಲಿನ ಕತೆಯೆಲ್ಲ ಹೇಳಿದ. “ನಾಳ ಆ ಜಗಲಿ ಮ್ಯಾಲ ಓದಿ ಒಪ್ಗ ತಕಂಡು ಬರ್ಬೇಕು. ಮತ್ತೆ ಕೇಳುದ್ರ ಮತ್ತೆ ಒಡ್ದಾಟ.” ನಾನು ಕಂಡ ಸೊನ್ನೆ ಕೆಬಿಯ ‘ದೊಡ್ಡಸಾಲು’ ಅದೇ ಎಂದು ಆಗ ತಿಳಿಯಿತು. ಸಂಜೆ ನಾಗರಾಜಣ್ಣ ಬಂದು ಏನೇನೋ ಮಾಡಿ ನೋಡಿ ತಲೆಯಾಡಿಸಿ ಹೋದ.

ಅಪ್ಪ ಕಣ್ಣು ಮುಚ್ಚಿ ಕೂತ. ಹೆಸರು ಜ್ಞಾಪಿಸಿಕೊಳ್ಳಲಿಲ್ಲ, ಜಗಲಿಯನ್ನು ಜ್ಞಾಪಿಸಿಕೊಂಡ. ಯಾರ ಪಕ್ಕ ಯಾರು ಕೂತಿದ್ದರು, ಯಾರು ಯಾರ ಹೆಸರಿಗೆ ಕೆಮ್ಮಿದರು, ಯಾರು ಎದ್ದು ಹೋಗಿ ಮತ್ತೆ ಬಂದರು. ಹಾಗೆ ಒಂದೊಂದನ್ನೇ ಹೇಳುತ್ತ ಹೋದ, ಅಣ್ಣ ಬರೆದುಕೊಂಡ. ಮೂವತ್ತಕ್ಕೆ ನಿಂತಿತು. ಒಂದು ಹೆಸರು ಬರಲಿಲ್ಲ. ಹಳೇ ಪತ್ರಗಳಲ್ಲಿ ಒಂದೊಂದರಲ್ಲಿ ಒಂದೊಂದು ಬಗೆಯ ಸಾಲು, ಅವುಗಳಿಂದಲೂ ಗೊತ್ತಾಗಲಿಲ್ಲ. ಊಟಕ್ಕೆ ಕೂತಾಗಲೂ ಅಪ್ಪನ ಬೆರಳುಗಳು ಎಣಿಸುತ್ತಲೇ ಇದ್ದವು.

ಬೆಳಿಗ್ಗೆ ನಮ್ಮಿಬ್ಬರನ್ನೂ ಬಸ್ಸು ಹತ್ತಿಸಿಕೊಂಡ. ದಾರಿಯುದ್ದಕ್ಕೂ ಕಬ್ಬಿನ ಗದ್ದೆ, ತೆಂಗು. ಜಗಲಿಯ ಮೇಲೆ ಆಗಲೇ ಎಲ್ಲರೂ ಕೂತಿದ್ದರು. ಅಪ್ಪ ಪ್ರಿಂಟು ಹಿಡಿದು ಓದಿದ. ಒಂದೊಂದು ಹೆಸರಿಗೂ ಒಬ್ಬೊಬ್ಬರು “ಸರಿ” ಅಂದರು. ಹತ್ತಾಯಿತು, ಇಪ್ಪತ್ತಾಯಿತು. ನಾನು ಇನ್ನೂ ಸರಿ ಅನ್ನದವರ ಬಾಯಿಗಳನ್ನೇ ನೋಡುತ್ತಿದ್ದೆ. ಮೂವತ್ತು ಓದಿ ಅಪ್ಪ ತಲೆಯೆತ್ತಿದ.

“ಮುಗೀತಾ?” ಅಂದರು ಗುರುಸಿದ್ದಪ್ಪ.

ಎದುರಿಗೇ ಕೂತಿದ್ದ ಒಬ್ಬ ಮುದುಕರು, ಪುಟ್ಟಮಾದಪ್ಪ, ಹೆಗಲ ಟವೆಲ್ಲನ್ನು ತೆಗೆದು ಮಡಿಲಲ್ಲಿಟ್ಟುಕೊಂಡರು. “ನಾನ್ ಸತ್ತೋದ್ನಾ ಪ್ರೆಸ್ನೋರೇ?”

ಅಪ್ಪನ ಬಾಯಿಂದ “ಅಯ್ಯೋ” ಎಂದಷ್ಟೇ ಬಂತು. ಹಿಂದಿನ ಸಲ ಅವರು ಕಂಬದ ಆಚೆ ಕೂತಿದ್ದರಂತೆ, ಅಪ್ಪನ ಕಣ್ಣಿಗೆ ಬೀಳದ ಕಡೆ. ಅವರ ಮಗ ಎದ್ದು ನಿಂತ. “ಯಾರ್ ಏಳಿ ತಗಿಸುದ್ರು? ಅದ್ನ ಏಳಿ ಮೊದ್ಲು.” ಹೇಳುತ್ತ ನೋಡಿದ್ದು ಗುರುಸಿದ್ದಪ್ಪನವರನ್ನು. ಇನ್ನಿಬ್ಬರು ಚಪ್ಪಲಿ ಹುಡುಕಿಕೊಂಡರು.

ಇಲ್ಲಿ ನಾನು ಎದ್ದು ನಿಂತೆ. ಇಪ್ಪತ್ತು ವರ್ಷದಿಂದ ನಾನು ಹೀಗೇ ಹೇಳಿಕೊಂಡು ಬಂದಿದ್ದೇನೆ. “ನಾನೇ ಗೇಮ್ ತಗಿಯಾಕೋಗಿ ಅಳಿಸಿಬುಟ್ಟೆ” ಎಂದೆ. ಪುಟ್ಟಮಾದಪ್ಪ, “ಯಾವ್ ಆಟವಪ್ಪ ಅದು?” ಎಂದು ಕೇಳಿದರು. ಕೋಟೆ ಕಟ್ಟುವುದು ಎಂದೆ. “ಕಟ್ಟುದ್ಯಾ?” “ಇಲ್ಲ, ಅದೂ ಓಯ್ತು.” ಜಗಲಿಯೆಲ್ಲ ನಕ್ಕಿತು. ಮುದುಕರು ನನ್ನ ತಲೆಯ ಮೇಲೆ ಕೈಯಿಟ್ಟರು. ಹತ್ತೊಂಬತ್ತನೆಯವರಾದ ಮೇಲೆ ಅವರ ಹೆಸರು ಬಂತು, ನಮಗೆ ಮಜ್ಜಿಗೆ ಬಂತು. ಹೆಂಡತಿಗೆ ಹೇಳಿದ್ದೇನೆ, ನನ್ನ ವಿದ್ಯಾರ್ಥಿಗಳಿಗೂ ಹೇಳಿದ್ದೇನೆ.

ಹೋದ ಯುಗಾದಿಗೆ ಊರಿಗೆ ಹೋದಾಗ ಅಣ್ಣನ ಮಕ್ಕಳ ಮುಂದೆ ಮತ್ತೆ ಶುರುಮಾಡಿದೆ. ಅಣ್ಣ ಒಬ್ಬಟ್ಟು ಬಿಟ್ಟು ನನ್ನನ್ನೇ ನೋಡಿದ.

“ನೀನಾ? ನೀನೆಲ್ಲಿ ಬಾಯ್ ಬುಟ್ಟಲಾ? ನೀ ನನ್ ಶರ್ಟ್ ಇಡ್ಕಂಡು ನನ್ ಇಂದ ನಿಂತಿದ್ದೆ. ನಾನೂ ಬಾಯ್ ಬುಡ್ಲಿಲ್ಲ. ಅಪ್ಪನೇ ಅಂದದ್ದು, ನನ್ ಕೈಯಾರ ಅಳಿಸೋಯ್ತು, ಯಾರೂ ಏಳಿ ತಗಿಸಿಲ್ಲ ಅಂತ. ನಮ್ಮಿಬ್ರ ತಲ ಮ್ಯಾಲ ಕೈ ಮಡ್ಗಿ ಆಣ ಇಟ್ಟ. ಆಮ್ಯಾಲ ಆ ಮುದ್ಕನ ಮಗ ಕೂತದ್ದು.”

“ಮತ್ತೆ ಆ ಮುದುಕರು ಕೋಟೆ ಬಗ್ಗೆ ಕೇಳಿದರಲ್ಲ?”

“ಕೇಳ್ದೋನು ರವಿ ಕಣ್ಲಾ, ಯಳಂದೂರಲ್ಲಿ.”

ಒಬ್ಬನ ಮಾತು ಇನ್ನೊಬ್ಬನ ಮಾತಿಗೆ ವಿರುದ್ಧವಿದ್ದರೆ ದಾಖಲೆ ನೋಡಬೇಕು. ಅಪ್ಪ ಅಚ್ಚುಮಾಡಿದ ಪ್ರತಿಯೊಂದು ಪತ್ರದ ಒಂದು ಪ್ರತಿಯನ್ನು ದೊಡ್ಡ ಪುಸ್ತಕಗಳಲ್ಲಿ ಅಂಟಿಸಿಟ್ಟಿದ್ದಾನೆ. ಒಂದು ಇಡೀ ಮಧ್ಯಾಹ್ನ ತಿರುವಿ ಹಾಕಿದೆ. ಆ ಲಗ್ನಪತ್ರವಿತ್ತು, ಮೂವತ್ತೊಂದು ಹೆಸರೂ ಇದ್ದವು. ಅದಕ್ಕಿಂತ ಹಿಂದೆ ಆ ಹಳ್ಳಿಯ ಪತ್ರಗಳು ಪುಟಪುಟಕ್ಕೂ ಇದ್ದವು. ಅದರ ನಂತರ ಒಂದೂ ಇಲ್ಲ. ನಕ್ಕು ಮಜ್ಜಿಗೆ ಕೊಟ್ಟು ಕಳಿಸಿದ ಊರು ಹಾಗೆ ಮಾಡುವುದಿಲ್ಲ. ಅಪ್ಪನನ್ನೇ ಕೇಳಿದೆ. ಲೇಬಲ್ ಕತ್ತರಿಸುತ್ತಿದ್ದವನು ತಲೆಯೆತ್ತದೆ, “ಯಾರ್ ಅಂದ್ರೇನ್ಲಾ, ಕಾರ್ಡ್ ಟೇಮಿಗ ಕೊಟ್ವಲ್ಲ” ಅಂದ.

ತಲೆಯ ಮೇಲಿನ ಆ ಕೈ ಮಾತ್ರ ನನಗೆ ಈಗಲೂ ಗೊತ್ತು. ಭಾರವಾಗಿತ್ತು, ಸೀಮೆಎಣ್ಣೆಯ ವಾಸನೆಯಿತ್ತು. ಬೇಸಾಯಗಾರ ಮುದುಕರ ಕೈಗೆ ಆ ವಾಸನೆ ಯಾಕಿರುತ್ತದೆ ಎಂದು ನಾನು ಒಮ್ಮೆಯೂ ಕೇಳಿಕೊಂಡಿರಲಿಲ್ಲ. ಅಚ್ಚಿನ ಮಸಿ ಹೋಗಲು ಸೀಮೆಎಣ್ಣೆಯಲ್ಲಿ ಕೈ ಉಜ್ಜುತ್ತಿದ್ದವನು ಅಪ್ಪ.

ಈಗ ಲಗ್ನಪತ್ರ ಫೋನಿಗೆ ಬರುತ್ತದೆ. ಹುಡುಗ, ಹುಡುಗಿ, ಒಂದು ಹಾಡು, ಛತ್ರಕ್ಕೆ ದಾರಿ. ಯಜಮಾನರ ಹೆಸರೇ ಇಲ್ಲ. ಬಿಟ್ಟುಹೋಯಿತೆಂದು ಎದ್ದು ಹೋಗುವವರೂ ಇಲ್ಲ. ಅದಕ್ಕೆ ನನಗೇನು ಅಷ್ಟು ವ್ಯಥೆಯಿಲ್ಲ. ನಾನು ಕಳೆದುಕೊಂಡದ್ದು ಬೇರೆ. ಕಾಲೇಜಿನ ಸಭೆಗಳಲ್ಲಿ ಎಲ್ಲರೂ ನೆಲ ನೋಡುತ್ತ ಕೂತಾಗ, ತಪ್ಪು ನಮ್ಮದು ಎಂದು ಎದ್ದು ಹೇಳಬೇಕಾದಾಗ, ನಾನು ಕೆಲವು ಸಲ ಎದ್ದಿದ್ದೇನೆ. ಹನ್ನೊಂದು ವರ್ಷಕ್ಕೇ ಎದ್ದವನಲ್ಲವೇ ನಾನು ಎಂಬ ಧೈರ್ಯ ಒಳಗಿರುತ್ತಿತ್ತು. ಯುಗಾದಿ ಕಳೆದ ಮೇಲೆ ಅಂಥ ಒಂದು ಸಭೆ ನಡೆಯಿತು. ನಾನು ಕುರ್ಚಿಯ ಕೈ ಹಿಡಿದುಕೊಂಡೆ. ಏಳುವ ಹೊತ್ತು ಬಂತು, ಹೋಯಿತು.