ಮೇಷ್ಟ್ರ ನೋಯದ ಸೊಂಟ

ಚಿಕ್ಕರಸಿನಕೆರೆಯ ಮರಿಸಿದ್ದಯ್ಯ ಮೇಷ್ಟ್ರು ಬೆಳಗ್ಗೆ ಎದ್ದ ಕೂಡಲೇ ಮಾಡುವ ಮೊದಲ ಕೆಲಸ ಸೊಂಟ ಬಗ್ಗಿಸುವುದು. ನೋಯಲಿ ಎಂದೇ ಬಗ್ಗುತ್ತಾರೆ. ನೋಯುವುದಿಲ್ಲ. ಮುಖ ಸಪ್ಪಗಾಗುತ್ತದೆ. ನೋವಿಗಾಗಿ ಹೀಗೆ ಕಾದು ಕೂತವರನ್ನು ಊರು ಕಂಡಿರಲಿಕ್ಕಿಲ್ಲ.

ನಿವೃತ್ತಿಯವರೆಗೂ ವಿಜ್ಞಾನ ಹೇಳಿಕೊಟ್ಟವರು. ಎರಡು ಕುಂಡಗಳಲ್ಲಿ ಹುರುಳಿ ಹಾಕಿಸಿ, ಒಂದಕ್ಕೆ ಮಾತ್ರ ಗೊಬ್ಬರ ಕೊಡಿಸಿ, "ಒಂದೇ ಕುಂಡ ನೋಡಿ ಗೊಬ್ಬರದಿಂದ್ಲೇ ಬೆಳೀತು ಅನ್ನೋನು ದಡ್ಡ ಕಣ್ರಲಾ" ಎನ್ನುತ್ತಿದ್ದರು. ಅಂಥವರು ಸೊಂಟನೋವು ತಾಳಲಾರದೆ ಮದ್ದೂರಿನಲ್ಲಿ ಸೂಜಿ ಚುಚ್ಚಿ ಅಕ್ಯುಪಂಕ್ಚರ್ ಮಾಡುವವನ ಬಳಿ ಹೋದರು. ನೋವು ಮಂಗಮಾಯ. ವಾಸಿಯಾದ ಮನುಷ್ಯ ಸುಮ್ಮನಿರುತ್ತಾನೆಯೇ? ಸಿಕ್ಕಸಿಕ್ಕವರಿಗೆಲ್ಲ ಡಂಗುರ ಸಾರಿದರು.

ಹಳೆಯ ಶಿಷ್ಯ ಸಿದ್ದೇಶ ಆಲೆಮನೆಯಲ್ಲಿ ಬೆಲ್ಲದ ಪಾಕ ತಿರುವುತ್ತಿದ್ದ. ಎಡಗೈ ಸೆಳೆಯುತ್ತದೆ ಅಂದ. ದಿನವಿಡೀ ಕೊಪ್ಪರಿಗೆ ಮುಂದೆ ನಿಲ್ಲುವವನಿಗೆ ಕೈ ನೋಯದೆ ಇನ್ನೇನು? "ನನ್ನ ಸೊಂಟವೇ ಸರಿಹೋಯ್ತು, ನೀನೂ ಓಗ್ಲಾ" ಅಂದರು ಮೇಷ್ಟ್ರು. ಹೋದ. ಅದೇ ವಾರ ಎದೆ ಹಿಡಿದುಕೊಂಡು ಒಲೆಯ ಪಕ್ಕ ಕುಸಿದ. ಆಸ್ಪತ್ರೆ ಸೇರುವಷ್ಟರಲ್ಲಿ ಮುಗಿದುಹೋಗಿತ್ತು. ಎದೆಯ ನೋವೇ ಕೈಗೆ ಇಳಿದಿತ್ತು ಎಂದರು ಡಾಕ್ಟರು.

ಆಮೇಲೆ ಮೇಷ್ಟ್ರು ಮೊಬೈಲಿನಲ್ಲಿ ಸೂಜಿಯ ಸಂಶೋಧನೆಗಳನ್ನೆಲ್ಲ ಜಾಲಾಡಿದರು. ಹಳೆಯ ಸೊಂಟನೋವಿಗೆ, ಮಂಡಿನೋವಿಗೆ ಒಂದಿಷ್ಟು ಆರಾಮ ಸಿಗುವುದುಂಟು. ಆದರೆ ಚರ್ಮದೊಳಗೆ ಇಳಿಯದ ಸುಳ್ಳು ಸೂಜಿ ಮುಟ್ಟಿಸಿಕೊಂಡವರಿಗೂ ಹೆಚ್ಚುಕಡಿಮೆ ಅಷ್ಟೇ ಆರಾಮ. ಕೆಲವು ನೋವುಗಳು ತಾವಾಗಿಯೇ ಇಳಿಯುತ್ತವೆ. ಒಂದೇ ಕುಂಡ ನೋಡಿದ ದಡ್ಡ ತಾನೇ ಎಂದು ಮೇಷ್ಟ್ರಿಗೆ ಅರಿವಾಯಿತು. ನೋವು ಮರಳಿದ್ದರೆ ಸೂಜಿಯನ್ನಾದರೂ ಬೈಯಬಹುದಿತ್ತು. ಹಾಳು ಸೊಂಟ ಮತ್ತೆ ನೋಯಲೇ ಇಲ್ಲ. ಬಗ್ಗಿದಾಗಲೆಲ್ಲ ಬೆನ್ನ ಹಿಂದೆ ಸಿದ್ದೇಶ ನಿಂತು, "ನಿಮ್ದು ವಾಸಿಯಾಯ್ತಲ್ಲ ಸಾ" ಅಂದಂತಾಗುತ್ತದೆ. ತಿರುಗಿ ನೋಡುವ ಧೈರ್ಯವಿಲ್ಲ.

ಮೊನ್ನೆ ಸಿದ್ದೇಶನ ತಾಯಿ ಪಟ್ಟಲಮ್ಮ ಮಂಡಿ ಹಿಡಿದುಕೊಂಡು ಬಂದು ಜಗಲಿಯ ಮೇಲೆ ಕೂತರು.

"ಮಂಡಿ ತಡೆಯಕ್ಕಾಯ್ತಿಲ್ಲ ಮೇಷ್ಟ್ರೇ. ಆ ಸೂಜಿಯೋನ್ತಾವ ಓಗ್ಬೋದಾ?"

ಮೇಷ್ಟ್ರು ಇದ್ದದ್ದನ್ನು ಹೇಳಿಬಿಟ್ಟರು. "ಸಿದ್ದೇಶನ್ನ ಅಲ್ಲಿಗೆ ಕಳಿಸಿದ್ದೇ ನಾನು ಕಣವ್ವ."

"ಗೊತ್ತು ಬುಡಿ. ಅದ್ಕೇ ನಿಮ್ಮನ್ನ ಕೇಳ್ತಿರೋದು. ಸೂಜಿ ಆಕುಸ್ಕಂಡು ಬಂದ ದಿಸ, ನೋವೇ ಇಲ್ಲ ಕಣವ್ವ ಅಂತ ನಗ್ತಾ ಉಂಡ. ಡಾಕ್ಟ್ರಿಗೆ ತೋರ್ಸ್ಲಾ ಅಂತಿದ್ದೆ. ಇನ್ಯಾಕೆ ಅಂದ್ಬುಟ್ಟ."

ಇಷ್ಟು ಓದಿದ್ದರಲ್ಲಿ ಮೇಷ್ಟ್ರಿಗೆ ಸಿಗದಿದ್ದದ್ದು ಇದೊಂದೇ. ನೋವು ಇದ್ದಿದ್ದರೆ ಹುಡುಗ ಡಾಕ್ಟರ ಬಳಿ ಹೋಗುತ್ತಿದ್ದ.

"ಮೊದ್ಲು ಡಾಕ್ಟ್ರು ನೋಡ್ಲಿ. ನಾನೇ ಕರ್ಕೊಂಡೋಯ್ತೀನಿ, ಏಳವ್ವ" ಎಂದು ಬಗ್ಗಿ ಎರಡೂ ಕೈ ಹಿಡಿದು ಎತ್ತಿದರು.

"ನಿಮ್ ಸೊಂಟ ಉಸಾರು ಮೇಷ್ಟ್ರೇ, ನೋಯಾಕಿಲ್ವಾ?"

"ಇಲ್ಲ ಕಣವ್ವ" ಎಂದ ಮೇಷ್ಟ್ರು ಅಳುತ್ತಿದ್ದರು.