ಧರ್ಮಣ್ಣನ ಬೆರಳು

ಮುಂಬೈಯ ಗೋರೆಗಾಂವಿನ ಒಂದು ಬಿಲ್ಡಿಂಗಿನ ವಾಚ್‌ಮನ್ ಧರ್ಮಣ್ಣನಿಗೆ ಬಂದವರ ಹೆಸರು ಕೇಳುವ ಅಭ್ಯಾಸವೇ ಇರಲಿಲ್ಲ. ಮುಖದ ಬಣ್ಣ ಕಂಡರೆ ಸಾಕು, ಬೆರಳು ತಾನಾಗಿ ಏಳುತ್ತಿತ್ತು. ಬೆಳ್ಳಗಿದ್ದವರಿಗೆ ಕನ್ನಡಿ ಇರುವ ಲಿಫ್ಟು, ಮೇಲೊಂದು ಸಲಾಮು; ಕಪ್ಪಗಿದ್ದವರಿಗೆ ಕಸದ ಡಬ್ಬಿ ಇಳಿಯುವ ಸರ್ವಿಸ್ ಲಿಫ್ಟು, ಜೊತೆಗೆ "ಆ ಕಡೆ!" ಎಂಬ ಗದರಿಕೆ. ಬೆಳ್ಳಗಿನ ಸೇಲ್ಸ್‌ಮನ್ನಿಗೂ ಸಲಾಮೇ, ಕಪ್ಪಗಿನ ಡಾಕ್ಟರಿಗೂ ಗದರಿಕೆಯೇ. ಕಲಬುರ್ಗಿಯ ಬಿಸಿಲಲ್ಲಿ ಬೆಳೆದ ತಾನಂತೂ ಸೇರಿದ ದಿನದಿಂದ ಆ ಕಡೆಯದನ್ನೇ ಹತ್ತುತ್ತಿದ್ದ. ಮೊನ್ನೆ ಇದೇ ಬೆರಳು, ಆರನೇ ಮಾಳಿಗೆಗೆ ಹೊಸದಾಗಿ ಬಂದ ಇಂಚರಾಳ ಗಂಡ, ನೈಜೀರಿಯಾದ ಎಮೆಕಾನನ್ನು ಕಸದ ಡಬ್ಬಿಗಳ ಜೊತೆ ಮೇಲಕ್ಕೆ ಕಳಿಸಿತು. ಅವನು ಆ ಮನೆಯವನೇ ಎಂದು ತಿಳಿದ ಮೇಲೆ ಧರ್ಮಣ್ಣ ನೌಕರಿ ಹೋದಂತೆಯೇ ಎಂದುಕೊಂಡ. ಮರುದಿನ ಇಬ್ಬರೂ ಎದುರಿಗೆ ಬಂದಾಗ ಕೈಮುಗಿದ: "ತಪ್ಪಾತ್ರಿ ಅಕ್ಕಾರ, ಕಂಪ್ಲೇಂಟ್ ಮಾಡಬ್ಯಾಡ್ರಿ." "ಕಂಪ್ಲೇಂಟೆಲ್ಲ ಏನೂ ಇಲ್ಲ ಧರ್ಮಣ್ಣ, ಮೇಲೆ ಬಂದು ಟೀ ಕುಡಿದು ಹೋಗಿ" ಎಂದಳು ಇಂಚರಾ. ಎಮೆಕಾ ಕನ್ನಡಿ ಲಿಫ್ಟಿನ ಬಾಗಿಲು ಹಿಡಿದು, "ಆವೋ ಭಾಯ್" ಎಂದು ನಕ್ಕ. ಹೋದ ಜೀವ ಬಂದಂತಾಗಿ ಧರ್ಮಣ್ಣ ಮೊದಲ ಸಲ ಅದರೊಳಗೆ ಕಾಲಿಟ್ಟು ತಲೆಯೆತ್ತಿದ. ಕನ್ನಡಿಯಲ್ಲಿ ಕಪ್ಪು ಮುಖಗಳು ಎರಡಿದ್ದವು. ಅಭ್ಯಾಸಬಲದಿಂದ ಅವನ ಬೆರಳು ಅರ್ಧಕ್ಕೆ ಎದ್ದಿತು, ಆಮೇಲೆ ಮೆಲ್ಲಗೆ ಮಡಚಿಕೊಂಡಿತು.